ಕೊಗನೊಳ್ಳಿ ದಾರಿಯ ಒಂದೇ ಶಾಟ್

"ಹಿಂದ ಕಬ್ಬಿನ ಟ್ರ್ಯಾಕ್ಟರ್ ನಿಂತೈತ್ರಿ! ಒಂದೀಟು ತಿರುಗಿ ನೋಡ್ರಿ," ಕಹಕಶಾ ನಗುತ್ತಲೇ ಕೂಗಿದಳು.

ತಾಲೀಮಿಗೆಂದು ಕ್ಯಾಮೆರಾ ಹಿಡಿದು ಅವಳ ಮುಂದೆ ಹಿಮ್ಮುಖವಾಗಿ ನಡೆಯುತ್ತಿದ್ದ ತೌಹೀದ ತಿರುಗಲಿಲ್ಲ. "ತಿರುಗಿದ್ರ ನೀವು ಫ್ರೇಮ್ ಬಿಟ್ಟು ಹೋಗ್ತೀರಿ."

ಅವಳು ದುಪಟ್ಟಾ ಸರಿಮಾಡಿಕೊಳ್ಳುವ ನೆಪದಲ್ಲಿ ಮುಖ ಮರೆಸಿಕೊಂಡಳು.

ಕೊಗನೊಳ್ಳಿಯ ಮನೆಯೊಂದರಿಂದ ಹುಡುಗಿ ಹೆದ್ದಾರಿಗೆ ನಡೆದು ಬಂದು ಬಸ್ಸು ಹತ್ತುತ್ತಾಳೆ. ಸಿನಿಮಾ ಅಷ್ಟೇ, ಎಲ್ಲವೂ ಒಂದೇ ಶಾಟ್, ಎಲ್ಲಿಯೂ ಕಟ್ ಇಲ್ಲ. ನಿಪ್ಪಾಣಿಯಲ್ಲಿ ಮದುವೆ ವಿಡಿಯೋ ಮಾಡುವ ತೌಹೀದನಿಗೆ ಅದೊಂದು ಹುಚ್ಚು. ಮೈಕ್ ಹಿಡಿದವನು ಅವನ ಜೀವದ ಗೆಳೆಯ ವಸೀಮ, ಕಹಕಶಾಳ ಅಣ್ಣ. ಅಣ್ಣ ಜೊತೆಗಿರುತ್ತಾನೆಂದೇ ಅವಳು ಆ ಹುಡುಗಿಯಾಗಿ ನಟಿಸಲು ಮನೆಯವರು ಒಪ್ಪಿದ್ದರು.

ಮುಂದಿನ ವಾರ ಮಿರಜಿನ ಹುಡುಗನೊಂದಿಗೆ ಅವಳ ನಿಕಾಹ್. ತೌಹೀದನಿಗೆ ಅದೂ ಗೊತ್ತು, ಅವಳ ಮನಸ್ಸು ತನ್ನ ಮೇಲಿರುವುದೂ ಗೊತ್ತು. ಆದರೂ ಗೆಳೆಯನ ತಂಗಿಯೆಂದು ಬಾಯಿ ಬಿಟ್ಟಿರಲಿಲ್ಲ.

ಸಂಜೆಯ ಬಿಸಿಲು ಹದಕ್ಕೆ ಬಂದಾಗ ಶಾಟ್ ಶುರುವಾಯಿತು. ಕಬ್ಬಿನ ಹೊಲ ದಾಟಿ ಅವಳು ಹೆದ್ದಾರಿಗೆ ಬಂದಳು. ಬಾಡಿಗೆಯ ಬಸ್ಸು ಬಂದು ನಿಂತಿತು. ಮೆಟ್ಟಿಲೇರಿ, ಕ್ಯಾಮೆರಾದತ್ತ ನೋಡಿ, ಮಾತಿಲ್ಲದೆ ಒಳಗೆ ಹೋಗಬೇಕಿತ್ತು.

"ಹೋಗಬ್ಯಾಡ ಅಂತ ಒಮ್ಮೆ ಅನ್ನು, ತೌಹೀದ."

ಕ್ಯಾಮೆರಾ ಒಂದು ಕ್ಷಣ ನಡುಗಿತು. ಮತ್ತೆ ಸ್ಥಿರವಾಯಿತು. ಬಸ್ಸು ಹೊರಟಿತು.

ಸ್ವಲ್ಪ ಮುಂದೆ ಬಸ್ಸು ನಿಲ್ಲಿಸಿ ಅವಳು ಓಡಿಬಂದಾಗ, ವಸೀಮ ಹೆಡ್‌ಫೋನ್ ಕಳಚಿ ನೆಲ ನೋಡುತ್ತ ನಿಂತಿದ್ದ. ಅವನು ಎಲ್ಲವನ್ನೂ ಕೇಳಿಸಿಕೊಂಡಿದ್ದ.

"ಆ ಮಾತು ತೆಗದ ಹಾಕೋ, ತೌಹೀದ. ಅಬ್ಬಾಗ ಗೊತ್ತಾದ್ರ ನಾವ್ಯಾರೂ ಉಳಿಯೂದಿಲ್ಲ."

"ಕಟ್ ಮಾಡಾಕ ಬರೂದಿಲ್ಲ," ಎಂದ ತೌಹೀದ.

ಕಹಕಶಾಳ ಕಣ್ಣಲ್ಲಿ ಆಸೆ ಮಿನುಗಿತು.

"ದನಿ ಅಷ್ಟ ತೆಗೀತೀನಿ."

ಅವಳು ಬಸ್ಸಿನತ್ತ ತಿರುಗಿದಳು. "ಇನ್ನೊಮ್ಮೆ ಶಾಟ್ ತೆಗೀರಿ. ಸುಮ್ಮನ ಹತ್ತಿ ಹೋಗ್ತೀನಿ."

"ಬೆಳಕು ಹೋತ್ರಿ," ಎಂದು ಅವನು ಬೆನ್ನು ತಿರುಗಿಸಿದ. ಅವನ ಹೆಗಲು ಅಲುಗುತ್ತಿತ್ತು. ಆದರೂ ಅವನು ಅವಳನ್ನು ಕರೆಯಲಿಲ್ಲ.

ಅವಳ ಮದುವೆಯಾದ ಮೇಲೆ ಚಿಕ್ಕೋಡಿಯ ಸಭಾಂಗಣವೊಂದರಲ್ಲಿ ಸಿನಿಮಾ ತೋರಿಸಿದರು. ಕಹಕಶಾ ಗಂಡನ ಪಕ್ಕದಲ್ಲಿ ಕೂತು ನೋಡಿದಳು. ಪರದೆಯ ಮೇಲೆ ಅವಳ ತುಟಿಗಳು ಅಲುಗಿದವು. ಕೇಳಿಸಿದ್ದು ಬಸ್ಸಿನ ಇಂಜಿನ್ ಸದ್ದು ಮಾತ್ರ.

"ಅಲ್ಲೇನಂದಿ?" ಗಂಡ ಪ್ರೀತಿಯಿಂದಲೇ ಕೇಳಿದ.

"ಏನೋ ಇತ್ರಿ. ಈಗ ನೆನಪಿಲ್ಲ."

ದೀಪ ಹತ್ತಿತು. ತೌಹೀದನ ಹೆಸರು ಕರೆದರು, ಅವನು ಬಂದಿರಲಿಲ್ಲ. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಕಹಕಶಾಳೂ ತಟ್ಟಿದಳು, ಎಲ್ಲರೂ ನಿಲ್ಲಿಸಿದ ಮೇಲೂ. ಕೈ ನಿಂತರೆ ಅಳು ಬರುತ್ತಿತ್ತು.