ಎತ್ತಿಕೊಳ್ಳದ ಕೈಗಳು

ಬಾಗಿಲಲ್ಲಿ ನಿಂತ ಗಂಡನನ್ನು ಕಂಡಾಗ ರೇಣುಕಾದೇವಿಯ ಕಣ್ಣು ಮೊದಲು ಹೋದದ್ದು ಅವನ ತಿಳಿನೀಲಿ ಅಂಗಿಯ ಮೇಲೆ. ಆ ಬಣ್ಣ ಅವನಿಗೆ ಒಪ್ಪುತ್ತದೆ ಎಂದು ಹಿಂದೊಮ್ಮೆ ಅವಳೇ ಹೇಳಿದ್ದಳು. ಬಸಲಿಂಗನೂ ಅದೇ ಗಳಿಗೆಗೆ ಅವಳನ್ನು ನೋಡಿದ. ಇಬ್ಬರೂ ಒಟ್ಟಿಗೇ ಮುಖ ತಿರುಗಿಸಿದರು.

ಬಸಲಿಂಗ ನಾರಾಯಣಪುರದಲ್ಲಿ ಕಾಲುವೆಯ ಗೇಟು ನೋಡಿಕೊಳ್ಳುವವ. ನೀರು ಬಿಟ್ಟ ದಿನಗಳಲ್ಲಿ ಮನೆಯ ಕಡೆ ಸುಳಿಯುತ್ತಲೇ ಇರಲಿಲ್ಲ. ಕ್ವಾರ್ಟರ್ಸಿನಲ್ಲಿ ಒಬ್ಬಳೇ ಕಾದು ಕಾದು ಬೇಸತ್ತ ರೇಣುಕಾ, ಒಂದು ಜಗಳವಾದದ್ದೇ ಮಗಳು ಪರಿಮಳಾಳನ್ನು ಕರೆದುಕೊಂಡು ರಂಗಂಪೇಟೆಯ ತವರಿಗೆ ಬಂದುಬಿಟ್ಟಳು. ಮಗಳು ತನಗೆ ಬೇಕೆಂದು ಅವನು ಕೋರ್ಟಿಗೆ ಹೋದ.

ಪಗಾರ ಇರುವವನಿಗೇ ಮಗುವನ್ನು ಕೊಟ್ಟುಬಿಟ್ಟಾರೆಂಬ ದಿಗಿಲು ರೇಣುಕಾಳಿಗೆ. ಐದು ವರ್ಷದ ಕೂಸಿಗೆ ಒಂದು ಮಾತು ಕಲಿಸಿದಳು. ಜಡ್ಜ್ ಕೇಳಿದಾಗ ಪರಿಮಳಾ ಪದ್ಯ ಒಪ್ಪಿಸಿದಂತೆ ಒಪ್ಪಿಸಿದಳು: "ಅಪ್ಪ ನನಗ ಹೊಡೀತಾನ."

ಮಗಳ ಮೇಲೆ ಎಂದೂ ಕೈ ಎತ್ತಿದವನಲ್ಲ ಬಸಲಿಂಗ. ಅವತ್ತು ಹೆಂಡತಿಯತ್ತ ಒಮ್ಮೆ ನೋಡಿದ, ಅಷ್ಟೇ. ತಿಂಗಳಿಗೊಂದು ಐತ್ವಾರ, ತಾಯಿಯ ಕಣ್ಣೆದುರಿಗೇ, ಒಂದು ತಾಸು ಭೇಟಿ ಎಂದು ಆರ್ಡರ್ ಆಯಿತು.

ಇವತ್ತು ಆ ಮೊದಲ ಐತ್ವಾರ.

ಅವನು ಮಂಚದ ತುದಿಗೆ ಕೂತು ಎರಡೂ ಕೈ ಮಡಿಲಲ್ಲಿಟ್ಟುಕೊಂಡ. ಪರಿಮಳಾ ಸಾಲಿಯ ಸುದ್ದಿ ಹೇಳುತ್ತ ಹತ್ತಿರ ಬಂದಷ್ಟೂ ಅವನು ಅತ್ತ ಸರಿದ. ಕೊನೆಗೆ ಅವಳು ಎರಡೂ ತೋಳು ಚಾಚಿ, ಎತ್ತಿಕೋ ಎಂದಳು. ಅವನ ಕೈಗಳು ಮೇಲೆದ್ದವು, ನಡುವೆಯೇ ನಿಂತವು.

"ಬ್ಯಾಡವ್ವ. ನಾ ಮುಟ್ಟಿದ್ರ ನಿನಗ ನೋವಾಗ್ತದ."

"ಇಲ್ಲಪ್ಪ," ಎಂದಳು ಪರಿಮಳಾ. "ಅದು ಅವ್ವ ಹೇಳಾಕ ಹಚ್ಚಿದ್ದು."

ಅಡುಗೆಮನೆಯ ಬಾಗಿಲಲ್ಲಿ ಚಹಾದ ಕಪ್ಪು ಹಿಡಿದು ನಿಂತಿದ್ದ ರೇಣುಕಾಳ ಮುಖಕ್ಕೆ ರಕ್ತ ನುಗ್ಗಿತು. ಒಳಗಿದ್ದ ತಾಯಿ ಮೌನಮ್ಮ ಕೂಡ ಕೇಳಿಸಿಕೊಂಡು, ಮಗಳನ್ನು ನೋಡದೆ ಹಿತ್ತಲಿಗೆ ಎದ್ದು ಹೋದಳು. ಬೈದಿದ್ದರೆ ಇಷ್ಟು ಸುಡುತ್ತಿರಲಿಲ್ಲ.

"ಎತ್ಕೊಳ್ರಿ," ಎಂದಳು ರೇಣುಕಾ. "ಕೋರ್ಟಿಗೆ ನಾ ಹೇಳ್ತೀನ್ರಿ. ಸುಳ್ಳು ನಂದು."

ಅವನು ಮಗಳನ್ನು ಎತ್ತಿಕೊಂಡು ಅವಳ ಕುತ್ತಿಗೆಯಲ್ಲಿ ಮುಖ ಹುದುಗಿಸಿದ. ಅವನ ಹೆಗಲು ಅದುರುವುದನ್ನು ನೋಡಲಾಗದೆ ರೇಣುಕಾ ಗೋಡೆಯತ್ತ ತಿರುಗಿದಳು.

ಹೊರಡುವಾಗ ಹೊಸ್ತಿಲಲ್ಲಿ ಅವನು ಮೆಲ್ಲಗೆ ಕೇಳಿದ, "ಯಾಕ ಹಂಗ ಮಾಡಿದಿ, ರೇಣು?"

"ನಿಮ್ಮನ್ನ ಕಳಕೊಂಡಿದ್ದೆ. ಕೂಸನ್ನೂ ಕಳಕೋತೀನಿ ಅನ್ನಿಸ್ತು."

"ನಾ ಎಲ್ಲಿ ಹೋಗಿದ್ದೆ?"

"ಗೇಟಿಗೆ."

ಅವನ ತುಟಿಯಂಚಿಗೆ ಬಂದ ನಗು ಪೂರ್ತಿ ಅರಳಲಿಲ್ಲ. ತಪ್ಪು ತನ್ನದೂ ಇದೆ ಎಂದು ತಲೆಯಾಡಿಸಿ ಬಸ್ಸಿಗೆ ನಡೆದ.

ಸುರಪುರದ ಕೋರ್ಟಿನಲ್ಲಿ ಮುಂದಿನ ತಾರೀಖಿಗೆ ರೇಣುಕಾ ಎಲ್ಲರೆದುರು ನಿಜ ಹೇಳಿದಳು. ಕೂಸಿನ ಬಾಯಲ್ಲಿ ಸುಳ್ಳು ಹೇಳಿಸಿದ್ದಕ್ಕೆ ಜಡ್ಜ್ ಗದರಿಸಿದರು. ಬೆಂಚಿನ ಮೇಲಿದ್ದ ಅಪರಿಚಿತ ಹೆಂಗಸರು ತಿರುತಿರುಗಿ ನೋಡಿದರು. ಹೊರಗೆ ಬೇವಿನ ನೆರಳಿಗೆ ಬಂದು ನಿಂತಾಗಲೂ ಅವಳ ತಲೆ ಮೇಲೇಳಲಿಲ್ಲ.

ಬಸಲಿಂಗ ಪಕ್ಕದಲ್ಲಿ ಬಂದು ನಿಂತ. ತನ್ನನ್ನು ನೋಡಬೇಡಿರೆಂದು ಅವಳು ಬೇಡಿಕೊಂಡಳು. ಆಗಲೆಂದ, ಆದರೂ ನೋಡುತ್ತಲೇ ಇದ್ದ.

"ಪರಿಮಳಾನ್ನ ಮನಿಗೆ ಕರ್ಕೊಂಡು ಹೋಗಾಕ ಜಡ್ಜ್ ಒಪ್ಯಾರ. ಆಕಿ ಒಬ್ಬಾಕಿನ್ನ ಕಳಸಬ್ಯಾಡ. ನೀನೂ ಬಾ."

"ಯಾವ ಮಾರಿ ಇಟ್ಕೊಂಡು ಬರ್ಲಿ ರೀ?"

"ಇದ ಮಾರಿ ಇಟ್ಕೊಂಡು ಬಾ. ನನಗ ಬ್ಯಾರೆದ್ದು ಗೊತ್ತಿಲ್ಲ."

ನಾಚಿಕೆ ಇನ್ನೂ ಇಳಿದಿರಲಿಲ್ಲ. ಆದರೂ ರೇಣುಕಾ ತಲೆ ಎತ್ತಿ ಅವನನ್ನು ನೋಡಿದಳು.