ಹೆಸರಿಗೆ ಸುತ್ತುದಾರಿ ಇಲ್ಲ

"ರೀ, ನಿಮ್ಮನ್ನೇ ಕೇಳ್ತಿರೋದು! ನಮ್ಮಕ್ಕ ಹೇಗಿದ್ದಾಳೆ? ಹೆರಿಗೆ ಆಯ್ತಾ? ಮಗು ಹೇಗಿದೆ?"

ಆಸ್ಪತ್ರೆಯ ಕಾರಿಡಾರಿನಲ್ಲಿ ಓಡೋಡಿ ಬಂದವಳ ಎದೆ ಡವಡವ ಹೊಡೆದುಕೊಳ್ಳುತ್ತಿತ್ತು. ರೈಲ್ವೆ ಸ್ಟೇಷನ್ನಿನ ಯೂನಿಫಾರ್ಮ್ ಬದಲಿಸುವಷ್ಟೂ ವ್ಯವಧಾನ ಇರಲಿಲ್ಲ ಅವಳಿಗೆ. ಅಕ್ಕನಿಗೆ ಹೆರಿಗೆ ಕಷ್ಟವಾಗಿದೆ ಅಂತ ಭಾವ ಫೋನಿನಲ್ಲಿ ಹೇಳಿದ್ದಷ್ಟೇ ಗೊತ್ತು. ಆಮೇಲೆ ಆ ಫೋನೂ ಆಫ್!

ವಾರ್ಡಿನ ಬಾಗಿಲ ಬಳಿ ನಿಂತಿದ್ದವನು ಎತ್ತರದ ಆಳು. ಮೂಗು, ಗಲ್ಲ ಎಲ್ಲಾ ಥೇಟ್ ಭಾವನದೇ. ಅಂದರೆ ಇವನೇ ಭಾವನ ತಮ್ಮ ಇರಬೇಕು. ಬೇರೆ ಊರಿನ ಬಂದರಿನಲ್ಲಿ ಕೆಲಸ ಮಾಡುತ್ತಾ, ಅಣ್ಣನ ಮದುವೆಗೂ ಬಾರದೆ ತಪ್ಪಿಸಿಕೊಂಡಿದ್ದ ಮಹಾನುಭಾವ.

ಅವನು ಬಾಯಿ ತೆರೆದ. ಮುಚ್ಚಿದ. ಮತ್ತೆ ತೆರೆದ.

"ಬಾಯಲ್ಲಿ ನೀರು ತುಂಬ್ಕೊಂಡಿದೀರಾ? ಹೇಳ್ರೀ!"

ಅವನ ಮುಖ ಕೆಂಪಾಯಿತು. ಕೈ ಮುಂದೆ ಚಾಚಿ, ಹೆಬ್ಬೆರಳನ್ನು ಮೇಲಕ್ಕೆ ಎತ್ತಿ ತೋರಿಸಿದ. ಆಮೇಲೆ ಒಂದೂ ಮಾತಾಡದೆ ಮೆಟ್ಟಿಲಿಳಿದು ಹೋಗಿಯೇಬಿಟ್ಟ!

ಒಳಗೆ ಅಕ್ಕ ಸೋತು ಮಲಗಿದ್ದಳು, ಪಕ್ಕದಲ್ಲಿ ಹೆಣ್ಣು ಮಗು ಬಟ್ಟೆಯೊಳಗೆ ಮುಖ ಸಿಂಡರಿಸುತ್ತಿತ್ತು. ಇಬ್ಬರೂ ಕ್ಷೇಮ. ಹುಡುಗಿಗೆ ಹೋದ ಜೀವ ಬಂದಂತಾಯಿತು. ಮಗುವಿನ ಕೆನ್ನೆ ಮುಟ್ಟಿ ಅತ್ತೂ ಬಿಟ್ಟಳು. ಆದರೆ ಕಣ್ಣೊರೆಸಿಕೊಳ್ಳುವಾಗ ಆ ಹೆಬ್ಬೆರಳು ನೆನಪಾಗಿ ಮೈ ಉರಿಯಿತು.

'ಜೀವ ಬಾಯಿಗೆ ಬಂದವಳಿಗೆ ಹೆಬ್ಬೆರಳು ತೋರಿಸಿ ಹೋಗ್ತಾನಲ್ಲ... ಎಂಥಾ ಜಂಬ! ಗುಮ್ಮನಗುಸುಕ!'

ಅವತ್ತಿನಿಂದ ಅವನಿಗೆ ಅದೇ ಹೆಸರು ಖಾಯಂ ಆಯಿತು.

ಕ್ರೇನ್ ಕೆಲಸದವರಿಗೆ ಮಾತಿಗಿಂತ ಸನ್ನೆಯೇ ಹೆಚ್ಚು ಅಭ್ಯಾಸ ಅನ್ನುವುದು ಅವಳಿಗೆ ಹೇಗೆ ಗೊತ್ತಾಗಬೇಕು? ಬಂದರಿನಲ್ಲಿ ಅವನು ಮಾಡುತ್ತಿದ್ದುದು ಕ್ರೇನ್ ಚಾಲಕನಿಗೆ ಕೆಳಗಿನಿಂದ ಕೈಸನ್ನೆ ಕೊಡುವ ಕೆಲಸ. ಅವಳದೋ ಅದಕ್ಕೆ ತದ್ವಿರುದ್ಧ. ಸ್ಟೇಷನ್ನಿನ ಅನೌನ್ಸರ್. ಇಡೀ ದಿನ ಮೈಕಿನ ಮುಂದೆ ಕೂತು ರೈಲಿನ ಹೆಸರು, ಊರಿನ ಹೆಸರು, ಕಳೆದುಹೋದ ಮಕ್ಕಳ ಹೆಸರು ಕರೆಯುವವಳು. ಮನೆಯಲ್ಲೂ ಅಷ್ಟೇ. ಅವಳು ಬಾಯಿ ಮುಚ್ಚಿದ್ದರೆ ಜ್ವರ ಬಂದಿದೆ ಅಂತಲೇ ಅರ್ಥ.

*

ಅವನು ಈ ಊರಿನ ಬಂದರಿಗೇ ವರ್ಗವಾಗಿ ಬಂದು, ಅಣ್ಣನ ಮನೆಯಲ್ಲೇ ಉಳಿದ. ಇವಳಂತೂ ಡ್ಯೂಟಿ ಮುಗಿದರೆ ಸೀದಾ ಅಕ್ಕನ ಮನೆಗೆ. ದಿನಾ ಮುಖಾಮುಖಿ, ದಿನಾ ಮೌನ.

ಇತ್ತ ಗಂಡ ಹೆಂಡತಿ ಮಗುವಿನ ಹೆಸರಿಗೆ ಜಗಳವಾಡಿ ಜಗಳವಾಡಿ ಸುಸ್ತಾಗಿದ್ದರು. ಮಗುವಿಗೆ ಮೂರು ತಿಂಗಳು ತುಂಬುತ್ತಾ ಬಂದರೂ ಒಬ್ಬರಿಗೆ 'ಪುಟ್ಟಿ', ಇನ್ನೊಬ್ಬರಿಗೆ 'ಗುಂಡಿ'.

ಕಡೆಗೆ ಅಕ್ಕ ಕೈಮುಗಿದಳು. "ನಮ್ಮಿಂದ ಆಗಲ್ಲಪ್ಪ. ಚಿಕ್ಕಪ್ಪ, ಚಿಕ್ಕಮ್ಮ ಇಬ್ಬರೂ ಒಪ್ಪಿದ ಹೆಸರೇ ಇಡೋದು. ಈ ಭಾನುವಾರದೊಳಗೆ ತೀರ್ಮಾನ ಮಾಡಿ!"

"ಇದಕ್ಕೆ ಭಾನುವಾರ ಯಾಕೆ? ಈಗಲೇ ಹೇಳ್ತೀನಿ. ಮಂಜುಭಾಷಿಣಿ. ನಮ್ಮಜ್ಜಿ ಹೆಸರು," ಎಂದಳು ಅವಳು ಎದೆಯುಬ್ಬಿಸಿ.

ಅಪ್ಪ ಅಮ್ಮ ಇಲ್ಲದ ಇಬ್ಬರು ಹೆಣ್ಣುಮಕ್ಕಳನ್ನು ಹೊಲಿಗೆ ಮಷಿನ್ ತುಳಿದು ಸಾಕಿದ ಅಜ್ಜಿ ಅದು. ಆ ಹೆಸರು ಮತ್ತೆ ಮನೆಯಲ್ಲಿ ಓಡಾಡಬೇಕು ಅನ್ನುವುದು ಅವಳ ಎಷ್ಟೋ ದಿನದ ಆಸೆ.

ಮೂಲೆಯಲ್ಲಿ ಮಗುವಿಗೆ ಗಿಲಕಿ ಆಡಿಸುತ್ತಿದ್ದವನ ಕೈ ನಿಂತಿತು.

"ಆಗಲ್ಲ," ಎಂದ.

ಅವಳು ಗಕ್ಕನೆ ಅವನ ಕಡೆ ತಿರುಗಿದಳು.

"ಏನಂದ್ರಿ?"

"ಆ ಹೆಸರು... ಆಗಲ್ಲ. ಐವಿ ಅಂತ ಇಡೋಣ."

"ಐವಿನಾ?! ಅದು ಆಸ್ಪತ್ರೇಲಿ ಕೈಗೆ ಚುಚ್ಚಿ ಏರಿಸ್ತಾರಲ್ಲ, ಅದಲ್ವಾ?"

ಭಾವ ಕಿಸಕ್ಕನೆ ನಕ್ಕ. ಅಕ್ಕ ಅವನ ತೊಡೆ ಚಿವುಟಿದಳು.

ಅವನು ನಗಲಿಲ್ಲ. "ಇಂಗ್ಲಿಷ್ ಹೆಸರು. ಗೋಡೆ ಹತ್ತೋ ಗಿಡ. ಚಳೀಲೂ ಹಸಿರಾಗೇ ಇರುತ್ತೆ. ಹಿಡಿದ ಜಾಗ ಸಡಿಲಿಸಲ್ಲ."

"ಬಳ್ಳಿ ಅನ್ನಿ!"

"ಹಾಂ. ಅದೇ."

"ಅದರಲ್ಲಿ ಅಂಥದ್ದೇನಿದೆ?"

"ಚಿಕ್ಕದು. ಕರೆಯೋಕೆ ಸುಲಭ."

"ಸುಲಭ ಬೇಕಾದ್ರೆ 'ಏಯ್' ಅಂತ ಕರೀರಿ! ನೋಡಿ, ಇಷ್ಟ ಇಲ್ಲಾಂದ್ರೆ ಬೇಡ ಅನ್ನಿ. ಅಜ್ಜಿ ಹೆಸರಿಗೆ ಆಗಲ್ಲ ಅನ್ನೋಕೆ ನೀವ್ಯಾರು?"

ಅವನು ಅವಳನ್ನೇ ನೋಡಿದ. ಏನೋ ಹೇಳಲು ಹೊರಟು, ತುಟಿ ಬಿಗಿದುಕೊಂಡ. ಮಗುವನ್ನು ಅಕ್ಕನ ಮಡಿಲಿಗೆ ಕೊಟ್ಟು ಎದ್ದು ಹೋದ.

'ಭಾನುವಾರ ಬರಲಿ. ಇವನ ಬಾಯಿಂದಲೇ ಅಜ್ಜಿ ಹೆಸರು ಹೇಳಿಸದಿದ್ರೆ ನಾನು ಅಜ್ಜಿ ಮೊಮ್ಮಗಳೇ ಅಲ್ಲ!' ಹುಡುಗಿ ಹಲ್ಲು ಕಚ್ಚಿದಳು. ಹಿಡಿದ ಹಟ ಬಿಡುವ ಪೈಕಿಯೇ ಅಲ್ಲ ಅದು.

ಆದರೆ ಮನಸ್ಸು ಅನ್ನುವುದು ಹೇಳಿದ ಮಾತು ಕೇಳುತ್ತದೆಯೇ? ಜಗಳವಾಡಿದ ಮಾರನೇ ದಿನವೇ ಅವನು ಮಗುವಿನ ತಳ್ಳುಗಾಡಿಯ ಚಕ್ರ ಬಿಚ್ಚಿ, ಎಣ್ಣೆ ಹಾಕಿ, ಕಿರಗುಟ್ಟದ ಹಾಗೆ ಮಾಡುತ್ತಿದ್ದ. ಮಗು ರಚ್ಚೆ ಹಿಡಿದಾಗ ಎದೆಗೆ ಒರಗಿಸಿಕೊಂಡು, ಮಾತಿಲ್ಲದ ಒಂದು ರಾಗ ಗುನುಗುತ್ತಾ ವರಾಂಡದಲ್ಲಿ ಸುತ್ತುತ್ತಿದ್ದ. ಅವನ ಒರಟು ಕೈ ಆ ಪುಟ್ಟ ಬೆನ್ನಿನ ಮೇಲೆ ಎಷ್ಟು ಹಗುರವಾಗಿ ಆಡುತ್ತಿತ್ತೆಂದರೆ, ಅವಳಿಗೆ ನೋಟ ಕೀಳಲು ಆಗುತ್ತಿರಲಿಲ್ಲ.

'ಛೀ! ಏನಾಗಿದೆ ನನಗೆ? ಅವನು ಶತ್ರು ಪಕ್ಷ!'

*

ಭಾನುವಾರಕ್ಕೆ ಮುಂಚೆ ಮಗುವಿಗೆ ಲಸಿಕೆಯ ದಿನ ಬಂತು. ಅಕ್ಕನಿಗೆ ನೆಗಡಿ ಜ್ವರ, ಭಾವನಿಗೆ ರಜೆ ಇಲ್ಲ. ಶತ್ರುಗಳಿಬ್ಬರೂ ಜೊತೆಯಾಗಿ ಹೋಗದೆ ವಿಧಿಯಿರಲಿಲ್ಲ.

ಕ್ಲಿನಿಕ್ಕಿನಲ್ಲಿ ಜನವೋ ಜನ. ಆಟೋದಲ್ಲಿ ಮರೆತ ಹಾಲಿನ ಬಾಟಲಿ ತರಲು ಅವಳು ಓಡಿದಳು. ವಾಪಸ್ ಬರುವಷ್ಟರಲ್ಲಿ ಅವನು ಮಗುವನ್ನೆತ್ತಿಕೊಂಡು ಕೌಂಟರ್ ಮುಂದೆ ನಿಂತಿದ್ದ.

"ಮಗು ಹೆಸರು?" ಎಂದಳು ರಿಸೆಪ್ಷನಿಸ್ಟ್, ಕಂಪ್ಯೂಟರಿನಿಂದ ತಲೆಯೆತ್ತದೆ.

"ಇನ್ನೂ ಇಟ್ಟಿಲ್ಲ."

"ತಂದೆ ಹೆಸರು ಹೇಳಿ."

ಭಾವನ ಹೆಸರು ಶುರುವಾಗುವುದೇ 'ಬ' ಇಂದ. ಹಿಂದೆ ನಿಂತಿದ್ದ ಅವಳಿಗೆ ಅವನ ಮುಖದ ಒಂದು ಪಕ್ಕ ಕಾಣುತ್ತಿತ್ತು. ತುಟಿ ಎರಡೂ ಕೂಡಿಕೊಂಡವು. ಕೂಡಿದ್ದು ಬಿಚ್ಚಿಕೊಳ್ಳಲೇ ಇಲ್ಲ. ಕುತ್ತಿಗೆಯ ನರ ಉಬ್ಬಿತು, ಕಣ್ಣು ಬಿಗಿಯಾಗಿ ಮುಚ್ಚಿಕೊಂಡಿತು, ಗದ್ದ ನಡುಗಿತು.

"ಬ್... ಬ್..."

"ಏನ್ ಸಾರ್, ಅಪ್ಪನ ಹೆಸರೇ ಗೊತ್ತಿಲ್ವಾ? ಯಾರದೋ ಮಗು ಎತ್ಕೊಂಡು ಬಂದ್ಬಿಟ್ರಾ?"

ಸಾಲಿನಲ್ಲಿ ಯಾರೋ ನಕ್ಕರು. ಅವನು ಮಗುವನ್ನು ಇನ್ನಷ್ಟು ಅವುಚಿಕೊಂಡ.

ಅವಳಿಗೆ ತಡೆಯಲಾಗಲಿಲ್ಲ. ನುಗ್ಗಿ ಮುಂದೆ ಬಂದು ಭಾವನ ಹೆಸರು, ಅಕ್ಕನ ಹೆಸರು, ವಿಳಾಸ ಎಲ್ಲವನ್ನೂ ಒಂದೇ ಉಸಿರಿಗೆ ಮೈಕಿನಲ್ಲಿ ಹೇಳುವ ಹಾಗೆ ಹೇಳಿ ಮುಗಿಸಿದಳು. "ಇವರು ಮಗು ಚಿಕ್ಕಪ್ಪ. ಇನ್ನೇನಾದ್ರೂ ಗೊತ್ತಾಗ್ಬೇಕಿತ್ತಾ?"

ರಿಸೆಪ್ಷನಿಸ್ಟ್ ಬೇಗಬೇಗ ಟೈಪ್ ಮಾಡತೊಡಗಿದಳು. ತಾನು ಅವನನ್ನು ಕಾಪಾಡಿದೆ ಅಂದುಕೊಂಡು ಹುಡುಗಿ ತಿರುಗಿ ನೋಡಿದರೆ, ಅವನ ಕಣ್ಣಲ್ಲಿ ಕೃತಜ್ಞತೆ ಇರಲಿಲ್ಲ. ಬೆಂಕಿ ಇತ್ತು!

ಲಸಿಕೆ ಹಾಕಿಸಿ ಹೊರಗೆ ಬಂದು, ಮಗು ಅತ್ತು ಸುಮ್ಮನಾಗಿ ನಿದ್ದೆಹೋದ ಮೇಲೆ, ಗೇಟಿನ ಪಕ್ಕದ ಬೆಂಚಿನ ಮೇಲೆ ಕೂತು ಅವನು ಬಾಯಿಬಿಟ್ಟ.

"ಇನ್ನೊಂದ್ಸಲ ನನ್ನ ಉತ್ತರ ನೀವು ಹೇಳೋಕೆ ಹೋಗ್ಲೇಬೇಡಿ."

"ಅವಳು ನಗ್ತಿದ್ಳು..."

"ನಗಲಿ! ಇನ್ನೊಂದು ಚೂರು ಕಾದಿದ್ರೆ ಅದು ಹೊರಗೆ... ಹೊರಡ್ತಿತ್ತು. ಎಲ್ಲರೂ ಹೀಗೇ. ಅವಸರ. ಅರ್ಧಕ್ಕೇ ಕಿತ್ಕೊಂಡು ತಾವೇ ಹೇಳ್ತಾರೆ."

ಅವಳು ಸುಮ್ಮನೆ ಕೂತಳು. ಸುಮ್ಮನಿರುವುದು ಎಷ್ಟು ಕಷ್ಟ ಅಂತ ಅವತ್ತು ಗೊತ್ತಾಯಿತು ಅವಳಿಗೆ.

"ಶಬ್ದದ ಶುರುವಲ್ಲೇ ತುಟಿ ಎರಡೂ ಸೇರಿದ್ರೆ ಅಂಟ್ಕೊಂಡ್ಬಿಡುತ್ತೆ," ಎಂದ ಸ್ವಲ್ಪ ಹೊತ್ತಾದ ಮೇಲೆ. "ಚಿಕ್ಕ ವಯಸ್ಸಿಂದ. ಅಣ್ಣನಿಗೆ ಗೊತ್ತು. ಯಾರಿಗೂ ಹೇಳಕೂಡದು ಅಂತ ಆಣೆ ಹಾಕಿಸ್ಕೊಂಡಿದೀನಿ. ಅದಕ್ಕೇ ಸುಲಭದ ಶಬ್ದ ಹುಡುಕ್ತೀನಿ. ಸಿಗದೇ ಇದ್ರೆ ಸುಮ್ನೆ ಇರ್ತೀನಿ. ಜಂಬ ಅಂತಾರೆ. ಅನ್ನಲಿ."

ಅವಳ ತಲೆಯೊಳಗೆ ಒಂದೊಂದೇ ಅರ್ಥವಾಗತೊಡಗಿತು. ದಿನವಿಡೀ ದನಿಯ ಜೊತೆಯೇ ಬದುಕುವ ಕಿವಿ ಇಷ್ಟು ದಿನ ಎಲ್ಲಿ ಹೋಗಿತ್ತು? ಇವನು ಮಗುವನ್ನು ಒಂದು ದಿನವೂ 'ಮಗು' ಅಂದವನಲ್ಲ, 'ಕೂಸು' ಅನ್ನುತ್ತಾನೆ. ಬಳ್ಳಿಗೆ 'ಗೋಡೆ ಹತ್ತೋ ಗಿಡ' ಅಂದ. 'ಬೇಡ' ಅನ್ನಲಾಗದೆ 'ಆಗಲ್ಲ' ಅಂದ! ಅದನ್ನು ತಾನು ಸೊಕ್ಕು ಅಂದುಕೊಂಡೆನಲ್ಲ...

"ಹಾಗಾದ್ರೆ ಅಜ್ಜಿ ಹೆಸರು..."

"ಒಳ್ಳೇ ಹೆಸರು. ನನಗೂ ಇಷ್ಟ. ಆದ್ರೆ ನೋಡಿ, ಎಲ್ಲಾ ಶಬ್ದಕ್ಕೂ ಇನ್ನೊಂದು ಶಬ್ದ ಇದೆ. ಹೆಸರಿಗಿಲ್ಲ. ಹೆಸರಿಗೆ ಸುತ್ತುದಾರಿ ಇಲ್ಲ." ಅವನು ಮಲಗಿದ್ದ ಮಗುವನ್ನು ನೋಡಿದ. "ಈ ಕೂಸನ್ನ ನಾನು ಕರೀಬೇಕು. ಅವಳು ತಿರುಗಿ ನೋಡ್ಬೇಕು. ಅಷ್ಟೇ ಆಸೆ. ಎಷ್ಟೋ ಹೆಸರು ಒಬ್ಬನೇ ಕೂತು ಹೇಳಿ ನೋಡ್ದೆ. ಐವಿ ಅಂದಾಗ ಎಲ್ಲೂ ತಡೀಲಿಲ್ಲ."

ಅವಳ ಕಣ್ಣೀರು ಕೆನ್ನೆಗಿಳಿದರೂ ಒರೆಸಿಕೊಳ್ಳಲಿಲ್ಲ. "ನಾನು ನಿಮ್ಮನ್ನ ಗುಮ್ಮನಗುಸುಕ ಅಂತಿದ್ದೆ..."

"ಗೊತ್ತು. ಅತ್ತಿಗೆ ಹೇಳಿದ್ರು," ಎಂದು ಅವನು ಮೊದಲ ಸಲ ನಕ್ಕ.

*

ಭಾನುವಾರ.

ಅವಳು ತೀರ್ಮಾನ ಮಾಡಿಯೇ ಬಂದಿದ್ದಳು. ಅಜ್ಜಿಯ ಹೆಸರು ಬಿಡುವುದು ಸುಲಭವಾಗಿರಲಿಲ್ಲ. ಆದರೆ ಮನೆಯವನೊಬ್ಬ ಕರೆಯಲಾಗದೆ ಬಾಯಿ ಮುಚ್ಚಿಕೊಂಡು ದೂರ ನಿಲ್ಲುವಂಥ ಹೆಸರನ್ನು ಇಟ್ಟರೆ, ಆ ಅಜ್ಜಿಯೇ ಎದ್ದು ಬಂದು ಕಿವಿ ಹಿಂಡುತ್ತಿದ್ದಳು!

"ಐವಿ ಅಂತಲೇ ಇಡೋಣ," ಎಂದಳು.

ಅಕ್ಕ ಬಾಯಿಬಿಟ್ಟಳು. "ಸೂರ್ಯ ಇವತ್ತು ಯಾವ ಕಡೆ ಹುಟ್ಟಿದ್ನೇ? ಅಜ್ಜಿ ಹೆಸರಿಗೆ ಪ್ರಾಣ ಬಿಡ್ತಿದ್ದೆ!"

"ಉದ್ದ ಆಯ್ತು ಅನ್ನಿಸ್ತು. ಕರೆದು ಮುಗಿಸೋಷ್ಟರಲ್ಲಿ ಇವಳು ರಸ್ತೆ ದಾಟಿರ್ತಾಳೆ. ಐವಿ ಚಿಕ್ಕದು, ಚೊಕ್ಕದು."

"ಸುಳ್ಳು."

ಎಲ್ಲರೂ ತಿರುಗಿ ನೋಡಿದರು. ಅವನು ಎದ್ದು ನಿಂತಿದ್ದ.

"ಅವರು ನನಗೋಸ್ಕರ ಸುಳ್ಳು ಹೇಳ್ತಿದ್ದಾರೆ. ಅತ್ತಿಗೆ... ನಾನು ಉಗ್ಗುತ್ತೀನಿ. ಅದಕ್ಕೇ ಅಣ್ಣನ ಲಗ್ನಕ್ಕೂ ಹಾಜರಾಗಲಿಲ್ಲ. ಅಷ್ಟು ಜನರ ಎದುರು ಹೆಸರು ಹೇಳ್ಕೊಳ್ಳೋ ಧೈರ್ಯ ಇರ್ಲಿಲ್ಲ."

ಅಕ್ಕನ ಕೈ ಬಾಯಿಗೆ ಹೋಯಿತು. ಭಾವ ತಲೆ ತಗ್ಗಿಸಿ ಕೂತ.

"ಅಜ್ಜಿ ಹೆಸರೇ ಇಡಿ. ಎಷ್ಟು ಹೊತ್ತಾದ್ರೂ ಸರಿ, ನಾನು ಕಲೀತೀನಿ," ಎಂದ ಅವನು.

"ಕಲೀರಿ! ಯಾರು ಬೇಡ ಅಂದ್ರು? ಆದ್ರೆ ಹೆಸರು ಐವಿನೇ!"

"ಆಗಲ್ಲ!"

"ಯಾಕಾಗಲ್ಲ? ಹಿಡಿದದ್ದು ಬಿಡದ ಬಳ್ಳಿ ಅಂತ ನೀವೇ ಅರ್ಥ ಹೇಳಿದ್ದು. ಈ ಮನೆಗೆ ಇದಕ್ಕಿಂತ ಹೊಂದೋ ಹೆಸರು ಎಲ್ಲಿ ಸಿಗುತ್ತೆ? ನಾನೂ ಬಿಡಲ್ಲ, ನೀವೂ ಬಿಡಲ್ಲ!"

"ಅಯ್ಯೋ ರಾಮ!" ಅಕ್ಕ ಅಳುತ್ತಲೇ ನಕ್ಕಳು. "ಮೊದಲು ತಂತಮ್ಮ ಹೆಸರಿಗೆ ಜಗಳ. ಈಗ ಒಬ್ಬರಿಗೊಬ್ಬರು ಬಿಟ್ಟುಕೊಡೋಕೆ ಜಗಳ! ಮೈದುನ, ಅಜ್ಜಿಗೆ ನಾನೂ ಮೊಮ್ಮಗಳೇ. ನನ್ನ ಮಗಳು ಐವಿ. ಮುಗೀತು. ಕರಿ ನೋಡೋಣ."

ಅವನು ತೊಟ್ಟಿಲ ಬಳಿ ಮಂಡಿಯೂರಿದ.

"ಐವಿ," ಎಂದ. ನೀರು ಹರಿದಷ್ಟು ಸರಾಗವಾಗಿ ಬಂತು ಅದು. "ಐವಿ... ಐವೀ..."

ಮಗು ತಿರುಗಿ ನೋಡಿತು. ಮಗು ನೋಡಿದ್ದು ಅವನ ಕೈಯಲ್ಲಿದ್ದ ಗಿಲಕಿಯನ್ನು ಅಂತ ಭಾವ ಆಮೇಲೆ ವಾದಿಸಿದ. ಅದನ್ನು ಆ ಮನೆಯಲ್ಲಿ ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ.

*

ಬಾಲ್ಕನಿಯಲ್ಲಿ ಅವಳು ಮಗುವಿನ ಬಟ್ಟೆ ಒಣಹಾಕುತ್ತಿದ್ದಳು. ಅವನು ಬಂದು ಕ್ಲಿಪ್ ಒಂದೊಂದಾಗಿ ಎತ್ತಿ ಕೊಡತೊಡಗಿದ.

"ಒಂದು ವಿಷಯ ಹೇಳ್ಲಾ?" ಎಂದ. "ಕೆಲಸಕ್ಕೆ ಹೋಗೋಕೆ ದಿನಾ ನಿಮ್ಮ ಸ್ಟೇಷನ್ನಿಗೇ... ಅಲ್ಲಿ ಕೂತು ನಿಮ್ಮ ದನಿ ಕೇಳ್ತಿದ್ದೆ. ಎದುರಿಗೆ ಸಿಕ್ಕಿದ್ರೆ ಜಗಳ. ಅಲ್ಲಾದ್ರೆ ಜಗಳ ಇಲ್ಲ. ಎಷ್ಟೋ ಸಲ ನನ್ನ ರೈಲು ಹೋದದ್ದೇ ಗೊತ್ತಾಗಿಲ್ಲ."

"ರೈಲು ಹೊರಡೋದನ್ನ ನಾನೇ ತಾನೇ ಕೂಗಿ ಹೇಳ್ತಿದ್ದೆ!"

"ದನಿ ಕೇಳ್ತಿತ್ತು. ಏನು ಹೇಳ್ತಿದೀರಿ ಅಂತ ತಲೆಗೆ ಹೋಗ್ತಿರ್ಲಿಲ್ಲ."

ಅವಳ ಕೈಯಲ್ಲಿದ್ದ ಒದ್ದೆ ಬಟ್ಟೆ ಹಾಗೇ ಉಳಿಯಿತು.

ಅವನು ಉಸಿರೆಳೆದುಕೊಂಡ. ತುಟಿ ಕೂಡಿದವು. ಅಂಟಿಕೊಂಡವು.

"ಮ್..."

ಅವಳಿಗೆ ಗೊತ್ತಾಯಿತು. ಯಾವ ಶಬ್ದ ಬರುತ್ತಿದೆ ಅಂತ ಎದೆಬಡಿತಕ್ಕೇ ಗೊತ್ತಾಯಿತು! ನಾಲಿಗೆಯ ತುದಿಗೆ ಆ ಶಬ್ದ ಬಂದು ಕುಣಿಯಿತು. ಒಂದೇ ಒಂದು ಸಲ ಬಾಯಿಬಿಟ್ಟರೆ ಸಾಕು, ಅವನ ಕಷ್ಟ ಮುಗಿಯುತ್ತಿತ್ತು.

ಅವಳು ಬಾಯಿಬಿಡಲಿಲ್ಲ. ಅವನ ಕಣ್ಣಿನಿಂದ ಕಣ್ಣು ತೆಗೆಯಲೂ ಇಲ್ಲ.

"ಮ್... ಮ್... ಮ..."

ಕೆಳಗೆ ರಸ್ತೆಯಲ್ಲಿ ಯಾರೋ ಹಾರ್ನ್ ಹೊಡೆದರು. ಬಟ್ಟೆಯಿಂದ ನೀರು ಅವಳ ಪಾದದ ಮೇಲೆ ತೊಟ್ಟಿಕ್ಕಿತು. ಅವಳು ಕಾದಳು.

"ಮ... ಮದುವೆ ಆಗ್ತೀರಾ ನನ್ನ?"

ಅವನ ಹಣೆಯ ತುಂಬಾ ಬೆವರು. ಅವಳ ಕೆನ್ನೆಯ ತುಂಬಾ ಕಣ್ಣೀರು.

"ಸುಲಭದ ಶಬ್ದ... ಯಾವುದೂ ಇರ್ಲಿಲ್ವಾ?"

"ಇತ್ತು. 'ಜೊತೆಗಿರ್ತೀರಾ' ಅಂತ ಕೇಳ್ಬಹುದಿತ್ತು."

"ಮತ್ತೆ?"

"ಸುತ್ತಿ ಬಳಸಿ ಕೇಳೋಕೆ ಇಷ್ಟ ಆಗ್ಲಿಲ್ಲ."

ಅವಳು ಉತ್ತರ ಹೇಳಲು ಹೋದಳು. ದಿನಕ್ಕೆ ಸಾವಿರ ಮಾತಾಡುವ ಹುಡುಗಿಗೆ ದನಿಯೇ ಹೊರಡಲಿಲ್ಲ! ತುಟಿ ಅದುರಿತು, ಮಾತು ಬರಲಿಲ್ಲ. ಮತ್ತೆ ಪ್ರಯತ್ನಿಸಿದಳು, ಆಗಲೂ ಬರಲಿಲ್ಲ.

ಅವನು ಅವಳ ಕೈಯಿಂದ ಒದ್ದೆ ಬಟ್ಟೆ ತೆಗೆದು ತಂತಿಯ ಮೇಲೆ ಹಾಕಿ, ಆ ತಣ್ಣನೆಯ ಬೆರಳುಗಳನ್ನು ತನ್ನ ಎರಡೂ ಅಂಗೈಗಳ ನಡುವೆ ಇಟ್ಟುಕೊಂಡ.

"ನಿಧಾನ... ಅವಸರ ಇಲ್ಲ. ಕಾಯ್ತೀನಿ."

"ಆ... ಆಗ್ತೀನಿ," ಎಂದಳು ಅವಳು.