ಏಳು ಸಲ ಕೇಳಿದ ಪ್ರಶ್ನೆ

"ಫೈನಲ್ ನೀವು ಆಡೋ ಹಾಗಿಲ್ಲ."

ಅವಳ ಹಣೆಗೆ ಐಸ್ ಒತ್ತಿ ಹಿಡಿದುಕೊಂಡೇ ಅವನು ಹೇಳಿಬಿಟ್ಟ. ಅವಳಿಗೆ ಸಿಡಿಲು ಬಡಿದಂತಾಯಿತು!

ಡ್ರೆಸ್ಸಿಂಗ್ ರೂಮಿನ ಪಕ್ಕದ ಪುಟ್ಟ ಕೋಣೆ. ಒಂದು ಮಂಚ, ಬ್ಯಾಂಡೇಜಿನ ಸುರುಳಿಗಳು, ನೋವಿನ ಸ್ಪ್ರೇಯ ಘಾಟು. ಗೋಡೆಯಾಚೆ ಹುಡುಗಿಯರು ಕಿರುಚಿ ಕುಣಿಯುತ್ತಿದ್ದರು. ರಾಷ್ಟ್ರೀಯ ಮಹಿಳಾ ರಗ್ಬಿ ಟೂರ್ನಿಯ ಸೆಮಿಫೈನಲ್ ಗೆದ್ದಾಗಿತ್ತಲ್ಲ!

ಅವರ ಕ್ಯಾಪ್ಟನ್ ಇವಳು. ಚೆಂಡು ಹಿಡಿದು ಓಡಿಬಂದವರನ್ನು ಒಂದು ಹೆಜ್ಜೆಯೂ ಮುಂದೆ ಬಿಡದವಳು. ಅದಕ್ಕೇ ತಂಡದವರು ಇಟ್ಟ ಹೆಸರು 'ಗೋಡೆ'. ಹನ್ನೊಂದು ವರ್ಷ ಕಾದ ಮೇಲೆ ಸಿಕ್ಕ ಫೈನಲ್‌ಗೆ ಇನ್ನು ಎರಡೇ ದಿನ. ವಯಸ್ಸು ಮೂವತ್ತೊಂದು. ಇಂಥ ಅವಕಾಶ ಮತ್ತೆ ಬರುವುದಿಲ್ಲವೆಂದು ಅವಳಿಗೆ ಚೆನ್ನಾಗಿ ಗೊತ್ತಿತ್ತು.

ಐಸ್ ಹಿಡಿದಿದ್ದವನು ತಂಡದ ಫಿಸಿಯೋ.

"ಯಾಕೆ? ತಲೆಪೆಟ್ಟಿನ ಟೆಸ್ಟ್ ಪಾಸಾಗಿದೀನಲ್ಲ! ನೀವು ಓದಿದ ಐದು ಪದದಲ್ಲಿ ಮೂರು ವಾಪಸ್ ಹೇಳ್ದೆ. ಸೀಸನ್ ಶುರುವಲ್ಲಿ ಹೇಳಿದ್ದೂ ಮೂರೇ. ಆಗಿನಷ್ಟೇ ಈಗಲೂ ಅಂದ್ರೆ ತಲೆ ಸರಿ ಇದೆ ಅಂತ ತಾನೇ?"

"ಕಾಗದದ ಪ್ರಕಾರ ಹೌದು..."

"ಮತ್ತೇನು? ಹೋದ ವಾರ ನೀವು 'ನನ್ನ ಮದುವೆ ಆಗ್ತೀರಾ' ಅಂದಾಗ ನಾನು ನಕ್ಕುಬಿಟ್ಟೆ. ಅದಕ್ಕಾ ಈ ಸೇಡು?"

ಅವನ ಮುಖ ಬಿಳಿಚಿಕೊಂಡಿತು. ಐಸಿನ ಚೀಲವನ್ನು ಅವಳ ಕೈಗೆ ಕೊಟ್ಟು ಹೊರಗೆ ಹೋದ.

'ಥೂ! ಇಂಥವನನ್ನಾ ನಾನು ನಂಬಿದ್ದು? ಅವತ್ತು ನಕ್ಕಿದ್ದು ಗಾಬರಿಗೆ. ಟೂರ್ನಿ ಮುಗಿದ ಕೂಡಲೇ ಹೂಂ ಅನ್ನೋಣ ಅಂತಿದ್ದೆ...'

ನಮ್ಮ ಗೋಡೆಗೆ ಅಳು ಬರುವುದು ಅಪರೂಪ. ಬಂದರೆ ಕಟ್ಟೆ ಒಡೆದ ಹಾಗೆಯೇ!

ಅರ್ಧ ಗಂಟೆ ಕಳೆದು ಅಕ್ಕ ಒಳಗೆ ಬಂದಳು. ಅಕ್ಕ ಟೈಲರ್. ತಂಡದ ಜರ್ಸಿಗಳಿಗೆಲ್ಲ ನಂಬರ್ ಹೊಲಿದವಳು ಅವಳೇ.

"ಅವರನ್ನ ಬೈದ್ಯಾ?"

"ಬೈದೆ. ಇನ್ನೂ ಬೈಬೇಕಿತ್ತು!"

"ಮೊದಲು ಇದನ್ನ ನೋಡೇ, ಪುಟ್ಟಿ." ಅಕ್ಕ ಮೊಬೈಲನ್ನು ಅವಳ ಮುಂದೆ ಹಿಡಿದಳು. ಪಂದ್ಯವನ್ನು ಮುಂದಿನ ಸಾಲಿನಿಂದ ಅವಳು ವಿಡಿಯೋ ಮಾಡುತ್ತಿದ್ದಳು.

ವಿಡಿಯೋದಲ್ಲಿ ಎದುರಾಳಿಯ ಮೊಣಕಾಲು ಇವಳ ತಲೆಗೆ ಬಡಿಯಿತು. ಇವಳು ಬಿದ್ದಳು, ಎದ್ದಳು... ಎದ್ದು ಹೋಗಿ ಎದುರಾಳಿಗಳ ಸಾಲಿನಲ್ಲಿ ನಿಂತುಕೊಂಡಳು!

"ಇದು... ನಾನಾ?"

ಫಿಸಿಯೋ ಓಡಿಬಂದು, ಕೈಹಿಡಿದು, ಅಕ್ಕ ನಿಂತಿದ್ದ ಕಂಬಿಯ ಪಕ್ಕಕ್ಕೇ ಕರೆದುಕೊಂಡು ಬಂದ. ಇವಳ ದನಿ ಸ್ಪಷ್ಟವಾಗಿ ಕೇಳಿಸಿತು.

"ಅಪ್ಪ ಬಂದಿದಾರಾ?"

ಇವಳ ಪ್ರತಿ ಪಂದ್ಯಕ್ಕೂ ಮುಂದಿನ ಸಾಲಿನ ಮೂಲೆಯಲ್ಲಿ ಕೂರುತ್ತಿದ್ದ ಅಪ್ಪ ತೀರಿಕೊಂಡು ಆರು ವರ್ಷವಾಗಿತ್ತು.

"ಅಕ್ಕ ಬಂದಿದಾರೆ, ಅಲ್ಲಿ ನೋಡಿ. ನಾನೂ ಇದೀನಿ," ಎಂದ ಅವನು.

ಅರ್ಧ ನಿಮಿಷ ಕಳೆಯಲಿಲ್ಲ. "ಅಪ್ಪ ಬಂದಿದಾರಾ?"

"ಅಕ್ಕ ಬಂದಿದಾರೆ. ನಾನೂ ಇದೀನಿ."

ಏಳು ಸಲ! ಏಳು ಸಲವೂ ಅವನು ಬೇಸರಿಸದೆ ಅದನ್ನೇ ಹೇಳಿದ್ದ. ಕೊನೆಯ ಸಲ ಅವನ ದನಿ ಒಡೆದಿತ್ತು. ಅವಳಿಗೆ ಅದರಲ್ಲಿ ಒಂದು ಮಾತೂ ನೆನಪಿರಲಿಲ್ಲ.

ಬಾಗಿಲಲ್ಲಿ ಕೋಚ್ ಮೇಡಂ ನಿಂತಿದ್ದರು.

"ಸೀಸನ್ ಶುರುವಲ್ಲಿ ಬೇಕಂತಲೇ ಎರಡು ಪದ ಕಮ್ಮಿ ಹೇಳಿದ್ಯಾ?"

ಅವಳು ತಲೆ ತಗ್ಗಿಸಿದಳು. ಎಲ್ಲರೂ ಮಾಡುತ್ತಾರೆಂದು ಮಾಡಿದ್ದಳು. ಆಗಲೇ ಕಮ್ಮಿ ಹೇಳಿದ್ದರೆ, ಪೆಟ್ಟು ಬಿದ್ದ ದಿನವೂ ಪಾಸಾಗಬಹುದಲ್ಲ!

"ಅವನಿಗೆ ಅವತ್ತೇ ಗೊತ್ತಾಗಿತ್ತಂತೆ. ನಿನ್ನ ಮುಖ ನೋಡಿ ಸುಮ್ಮನೆ ಸಹಿ ಹಾಕಿದ್ನಂತೆ. ಕಾಗದ ಸರಿ ಇದೆ, ಆಡಿಸ್ತೀನಿ ಅಂತ ನಾನೇ ಹಟ ಹಿಡಿದೆ. ಆಗ ಹೋಗಿ, ಆ ಕಾಗದ ಸುಳ್ಳು, ತಪ್ಪು ನಂದು ಅಂತ ಟೂರ್ನಿಯವರಿಗೆ ಬರೆದುಕೊಟ್ಟ. ಅವನ ಕೆಲಸ ಹೋಯ್ತಮ್ಮ."

ಬರಸಿಡಿಲು ಎಂದರೆ ಇದು! ತನ್ನನ್ನು ಉಳಿಸಲು ಅನ್ನದ ದಾರಿಯನ್ನೇ ಕಳೆದುಕೊಂಡವನಿಗೆ ತಾನು ಅಂದದ್ದೇನು? ಸೇಡು!

ಎರಡು ದಿನ ಅವನ ಫೋನ್ ಸ್ವಿಚ್ ಆಫ್.

ಫೈನಲ್ ದಿನ ಅವಳು ಮಾಮೂಲಿ ಬಟ್ಟೆಯಲ್ಲಿ ಬಂದು, ತನ್ನ ಜಾಗದಲ್ಲಿ ಆಡಬೇಕಿದ್ದ ಹುಡುಗಿಯ ಶೂ ಲೇಸ್ ತಾನೇ ಬಿಗಿದು ಕಳಿಸಿದಳು. ಆಮೇಲೆ ಸ್ಟ್ಯಾಂಡಿನತ್ತ ತಿರುಗಿದವಳು ಕಲ್ಲಾಗಿ ನಿಂತಳು.

ಮುಂದಿನ ಸಾಲಿನ ಮೂಲೆ. ಅಪ್ಪನ ಜಾಗ. ಅಲ್ಲಿ ಅವನು ಕೂತಿದ್ದ!

ಅವಳು ಹೋಗಿ ಪಕ್ಕದಲ್ಲಿ ಕೂತಳು. ಎಂಬತ್ತು ನಿಮಿಷ ಇಬ್ಬರ ಕಣ್ಣೂ ಮೈದಾನದ ಮೇಲೆಯೇ. ತಂಡ ಎರಡೇ ಪಾಯಿಂಟಿನಿಂದ ಸೋತಿತು.

"ನಾನಿದ್ದಿದ್ರೆ ಗೆಲ್ತಿದ್ವಿ..." ಅವಳು ಬಿಕ್ಕಿದಳು.

"ಗೆಲ್ತಿದ್ವಿ. ಆದ್ರೆ ಗೆದ್ದಿದ್ದು ನಿಮಗೆ ನೆನಪಿರ್ತಿತ್ತೋ ಇಲ್ವೋ."

ಅವಳು ಕಣ್ಣೊರೆಸಿಕೊಂಡಳು. "ಬಾಗಿಲು, ನಿಂಬೆ, ಹಗ್ಗ, ಕಂಬಳಿ, ಚಮಚ. ಸೀಸನ್ ಶುರುವಲ್ಲಿ ನೀವು ಓದಿದ ಪದಗಳು. ನಂಗೆ ಐದೂ ಗೊತ್ತಿತ್ತು. ನನ್ನಿಂದ ನಿಮ್ಮ ಕೆಲಸ ಹೋಯ್ತು... ಕ್ಷಮಿಸ್ತೀರಾ?"

"ಸಹಿ ಹಾಕಿದ್ದು ನಾನಲ್ವಾ? ಇಬ್ಬರದೂ ತಪ್ಪು ಬಿಡಿ."

"ಇನ್ನೊಂದು ಪ್ರಶ್ನೆ ಕೇಳಿದ್ರಲ್ಲ, ಹೋದ ವಾರ... ಅದಕ್ಕೆ ಹೂಂ."

ಅವನು ಬೆಚ್ಚಿಬಿದ್ದ. "ಗೋಡೆಯವರೇ! ತಲೆ ಸರಿ ಇದೆ ತಾನೇ? ನಾಳೆ ಮರೆತುಬಿಟ್ರೆ?"

"ಮತ್ತೆ ಕೇಳಿ. ಏಳು ಸಲ ಕೇಳಿದ್ರೂ ಅದೇ ಉತ್ತರ."

ಅವನು ಅವಳ ಕೈ ಹಿಡಿದುಕೊಂಡ. ದನಿ ಮತ್ತೆ ಒಡೆದಿತ್ತು.

"ಮದುವೆ ಆಗ್ತೀರಾ?"

"ಹೂಂ. ಇದು ಒಂದು... ಇನ್ನೂ ಆರು ಬಾಕಿ ಇದೆ, ಕೇಳ್ರೀ!"